ನಿಂಗರಾಜು ಅಂಗಿ ಬಿಚ್ಚಿದ ದಿನ

ಹುಣಸೂರು ತಾಲ್ಲೂಕಿನಲ್ಲಿ ಹೊಗೆಸೊಪ್ಪು ಬೇಯಿಸುವ ಕಾಲಕ್ಕೆ ಹುಟ್ಟಿದ ಕೂಸನ್ನು ನೋಡಲು ಮನೆಯಲ್ಲಿ ಯಾರಿಗೂ ಪುರಸೊತ್ತಿರುವುದಿಲ್ಲ. ಎಲೆ ಮುರಿಯುವವರು ಹೊಲದಲ್ಲಿ, ಕಡ್ಡಿಗೆ ಕಟ್ಟುವವರು ಚಪ್ಪರದಲ್ಲಿ, ಬೆಂಕಿ ನೋಡುವವರು ಬ್ಯಾರನ್ನಿನ ಮುಂದೆ. ಬ್ಯಾರನ್ನು ಅಂದರೆ ಸೊಪ್ಪು ಹದ ಮಾಡುವ ಎತ್ತರದ ಗೋಡೆಯ ಮನೆ. ಕಿಟಕಿಯಿಲ್ಲ. ಮೇಲೆ ಸಾಲುಸಾಲಾಗಿ ಎಲೆ, ಕೆಳಗೆ ಬಿಸಿ ಹರಿಯುವ ಕೊಳವೆ. ಐದಾರು ದಿನ ಬಿಡದೆ ಸೌದೆ ತಿನ್ನುತ್ತದೆ. ಆ ದಿನಗಳಲ್ಲಿ ಮನೆಯ ಉಪವಾಸ, ಪೂಜೆ, ಊಟ, ನಿದ್ದೆ ಎಲ್ಲವೂ ಅದು ಹೇಳಿದಂತೆ ನಡೆಯಬೇಕು.

ಗಾವಡಗೆರೆ ಹೋಬಳಿಯ ಒಂದು ಸಣ್ಣ ಊರಿನಲ್ಲಿ ನಿಂಗರಾಜು ಎಂಬವನಿದ್ದ. ಬ್ಯಾರನ್ನಿನ ಬಿಸಿ ನೋಡುವುದರಲ್ಲಿ ಸುತ್ತಲ ಹತ್ತು ಊರಿಗೆ ಅವನು ಹೆಸರುವಾಸಿ. ಹೊರಗೋಡೆಗೆ ಅಂಗೈ ಇಟ್ಟು, ಕಣ್ಣು ಮುಚ್ಚಿ, ಒಳಗೆ ಎಷ್ಟು ಡಿಗ್ರಿ ಇದೆ ಎಂದು ಹೇಳುತ್ತಿದ್ದ. ಒಂದು ಸಲ ಪಕ್ಕದ ಮನೆಯ ಕಂಠಪ್ಪ ಪರೀಕ್ಷೆ ಮಾಡಲೆಂದು ಥರ್ಮಾಮೀಟರನ್ನು ಅವನಿಗೆ ಕಾಣದಂತೆ ಬ್ಯಾರನ್ನಿನೊಳಗೆ ತೂಗುಹಾಕಿದ್ದ. ನಿಂಗರಾಜು ಗೋಡೆ ಮುಟ್ಟಿ ನೂರಾ ಹದಿನೆಂಟು ಅಂದ. ಕಂಠಪ್ಪ ಒಳಗೆ ಹೋಗಿ ನೋಡಿದರೆ ನೂರಾ ಹದಿನೆಂಟೇ. ಅಂದಿನಿಂದ ಯಾರ ಬ್ಯಾರನ್ನು ಕೆಟ್ಟರೂ ಇವನಿಗೆ ಕರೆ ಬರುತ್ತಿತ್ತು. ಇದು ದೇವರು ಅವನ ಕೈಗೆ ಕೊಟ್ಟ ವಿದ್ಯೆ ಎಂದು ಅವನ ತಾಯಿ ಸಣ್ಣತಾಯಮ್ಮ ಎಲ್ಲರೆದುರು ಹೇಳಿಕೊಳ್ಳುತ್ತಿದ್ದರು.

ಆ ವಿದ್ಯೆಯೇ ಅವನ ಮೊದಲ ಕೂಸಿಗೆ ಮುಳುವಾಯಿತು.

ಅದು ಎರಡು ಸಾವಿರದ ಒಂದನೇ ಇಸವಿ, ಭಾದ್ರಪದ ಮಾಸ. ನಿಂಗರಾಜುವಿನ ಹೆಂಡತಿ ಪುಟ್ಟಲಕ್ಷ್ಮಿ ಎಂಟನೇ ತಿಂಗಳಿಗೇ ಹೆತ್ತಳು. ಗಂಡು ಕೂಸು. ಮೈ ಕೆಂಪಗೆ, ಚರ್ಮದ ಕೆಳಗಿನ ನರ ಕಾಣುವಷ್ಟು ತೆಳ್ಳಗೆ. ಅಳುವೂ ಬೆಕ್ಕಿನ ಮರಿಯ ದನಿಯಷ್ಟು. ಹತ್ತಾರು ಹೆರಿಗೆ ಕಂಡಿದ್ದ ಸಣ್ಣತಾಯಮ್ಮ ಅದನ್ನು ನೋಡಿ, ಯಾರೂ ಮುಟ್ಟಕೂಡದು ಎಂದು ಕಟ್ಟಪ್ಪಣೆ ಮಾಡಿದರು. ಅವರ ಮಾತನ್ನು ಅಲ್ಲಿದ್ದ ಎಲ್ಲರೂ ಒಪ್ಪಿದರು. ಏಕೆಂದರೆ ಅದು ಹೊಗೆಸೊಪ್ಪಿನ ಊರು. ಹಸಿ ಎಲೆಯನ್ನು ಪದೇಪದೇ ಮುಟ್ಟಿದರೆ ಬೆರಳು ತಾಗಿದಲ್ಲೆಲ್ಲ ಕಪ್ಪು ಕಲೆ ಬೀಳುತ್ತದೆ ಎಂಬುದು ಅಲ್ಲಿ ಮಕ್ಕಳಿಗೂ ಗೊತ್ತು. ಎಲೆಯನ್ನು ಕೈಯಿಂದ ದೂರ ಇಡಬೇಕು, ಬಿಸಿಗೆ ಹತ್ತಿರ ಇಡಬೇಕು. ಈ ಹಸಿ ಮೈಯೂ ಹಾಗೆಯೇ ಎಂದು ಅವರು ತಿಳಿದರು.

ನಿಂಗರಾಜು ಮೊರಕ್ಕೆ ಹತ್ತಿ ಹಾಸಿ, ಸಣ್ಣತಾಯಮ್ಮ ಕೂಸನ್ನು ಅದರಲ್ಲಿ ಮಲಗಿಸಿದ ಮೇಲೆ, ಮೊರವನ್ನು ಬ್ಯಾರನ್ನಿನ ಗೋಡೆಗೆ ಆತುಕೊಂಡ ಚಪ್ಪರದಲ್ಲಿ ಹಲಗೆಯ ಮೇಲೆ ಇಟ್ಟ. ಗೋಡೆ ಮುಟ್ಟಿ ನೋಡಿದ. ಬಿಸಿ ಹದವಾಗಿತ್ತು. ಗಂಟೆಗೊಮ್ಮೆ ಬಂದು ಗೋಡೆಯನ್ನೇ ಮುಟ್ಟಿ ನೋಡುತ್ತಿದ್ದ. ಕೂಸನ್ನು ಮುಟ್ಟಲಿಲ್ಲ.

ಪುಟ್ಟಲಕ್ಷ್ಮಿ ಒಳಗೆ ಬಾಣಂತಿಯ ಚಾಪೆಯ ಮೇಲಿದ್ದಳು. ಎದೆ ಕಟ್ಟಿ ನೋಯುತ್ತಿತ್ತು. ಕೂಸನ್ನು ಒಂದು ಸಲ ಕೊಡಿ ಎಂದು ಕೇಳಿದಳು. ಸ್ವಲ್ಪ ಬಲಿಯಲಿ, ಆಮೇಲೆ ನಿನ್ನ ಮಡಿಲಲ್ಲೇ ಇರುತ್ತದಲ್ಲ ಎಂದು ಅತ್ತೆ ಸಮಾಧಾನ ಮಾಡಿದರು. ಎರಡನೆಯ ದಿನವೂ ಕೇಳಿದಳು. ಬತ್ತಿಯಲ್ಲಿ ಸಕ್ಕರೆ ನೀರು ನೆಕ್ಕಿಸಿದ್ದೇವೆ, ನಿದ್ದೆ ಮಾಡುತ್ತಿದೆ ಎಂದರು. ಮೂರನೆಯ ದಿನ ಮಧ್ಯಾಹ್ನ ನಿಂಗರಾಜು ಸೌದೆ ಹಾಕಲು ಬಂದವನು ಮೊರದೊಳಗೆ ನೋಡಿದ. ತುಟಿ ಒಡೆದು ಒಣಗಿತ್ತು. ನೆತ್ತಿ ಕುಳಿಬಿದ್ದಿತ್ತು. ಎದೆ ಆಡುತ್ತಿರಲಿಲ್ಲ.

ಆಗ ಕೂಸನ್ನು ತಾಯಿಯ ಕೈಗೆ ಕೊಟ್ಟರು. ಮಣ್ಣಿಗೆ ಹಾಕುವ ಮೊದಲು ಹೆತ್ತವಳು ಒಂದು ಸಲ ನೋಡಲಿ ಎಂದು. ಪುಟ್ಟಲಕ್ಷ್ಮಿ ತನ್ನ ಮಗನನ್ನು ಮುಟ್ಟಿದ್ದು ಅದೇ ಮೊದಲು, ಅದೇ ಕೊನೆ. ಬ್ಯಾರನ್ನಿನ ಹಿಂದೆ ಹೊಂಗೆ ಮರದ ಬುಡದಲ್ಲಿ ಒಂದು ಗುಂಡುಕಲ್ಲು ಇಟ್ಟರು.

ಆಕೆ ಎದೆ ಬಡಿದುಕೊಂಡು ಅಳಲಿಲ್ಲ. ಯಾರನ್ನೂ ಬೈಯಲಿಲ್ಲ. ಆದರೆ ಆ ದಿನದಿಂದ ಗಂಡನಿಗೆ ತಟ್ಟೆಯನ್ನು ಕೈಗೆ ಕೊಡುವುದನ್ನು ಬಿಟ್ಟಳು. ನೆಲದ ಮೇಲೆ ಇಟ್ಟು ಸರಿಯುತ್ತಿದ್ದಳು. ಸಂಸಾರ ನಡೆಯಿತು. ಮತ್ತೆ ಬಸಿರೂ ನಿಂತಿತು. ಆದರೂ ಅವನ ಕೈಯನ್ನು ತನ್ನ ಕೈಗೆ ತೆಗೆದುಕೊಳ್ಳಲಿಲ್ಲ. ಎರಡು ವರ್ಷ ಒಂದು ಸೂರಿನ ಕೆಳಗೆ ಹೀಗೆ ಬದುಕಿದರು. ಹಣೆಬರಹ ಎಂದು ಊರು ಹೇಳಿತು. ನಿಂಗರಾಜುವೂ ಅದನ್ನೇ ಹೇಳಿಕೊಂಡ. ಹಣೆಬರಹ ಎಂದುಕೊಂಡರೆ ಮನುಷ್ಯನಿಗೆ ನಿದ್ದೆ ಬರುತ್ತದೆ.

ಮತ್ತೆ ಭಾದ್ರಪದ ಬಂತು. ಎರಡು ಸಾವಿರದ ಮೂರು. ಮತ್ತೆ ಬ್ಯಾರನ್ನಿಗೆ ಬೆಂಕಿ ಬಿತ್ತು. ಪುಟ್ಟಲಕ್ಷ್ಮಿ ಚಪ್ಪರದಲ್ಲಿ ಕೂತು ಕಡ್ಡಿಗೆ ಎಲೆ ಕಟ್ಟುತ್ತಿದ್ದಳು. ಈ ಸಲವೂ ಎಂಟನೇ ತಿಂಗಳೇ. ಬೆಳಗ್ಗೆ ಹತ್ತರ ಹೊತ್ತಿಗೆ ನೋವು ಕಂಡಿತು. ಹನ್ನೊಂದೂವರೆಗೆ, ಯಾರೂ ಬರುವ ಮೊದಲೇ, ಹೆಣ್ಣು ಕೂಸು ಹುಟ್ಟಿತು.

ಸುದ್ದಿ ತಿಳಿದು ಆರೋಗ್ಯ ಉಪಕೇಂದ್ರದ ಸಿಸ್ಟರ್ ಮಂಗಳಗೌರಿ ಮಳೆಯಲ್ಲಿ ನೆನೆದುಕೊಂಡೇ ಮೊಪೆಡ್ಡಿನಲ್ಲಿ ಬಂದರು. ಮಿರ್ಲೆ ಕಡೆಯವರು. ಏಳು ವರ್ಷದಿಂದ ಈ ಊರುಗಳ ಮನೆಮನೆ ಹತ್ತಿ ಇಳಿದವರು. ಮೊದಲು ಕೈಯನ್ನು ಸೋಪಿನಲ್ಲಿ ತೊಳೆದರು. ಪುಟ್ಟಲಕ್ಷ್ಮಿಗೆ ರಕ್ತ ಹೆಚ್ಚು ಹೋಗಿತ್ತು. ಮುಖ ಬಿಳಿಚಿ, ಹಲ್ಲು ಕಟಕಟ ಅನ್ನುವಂತೆ ನಡುಗುತ್ತಿದ್ದಳು. ಸಿಸ್ಟರ್ ಆಕೆಗೆ ಇಂಜೆಕ್ಷನ್ ಕೊಟ್ಟು, ಹೊಟ್ಟೆ ನೀವುತ್ತ, ಕಂಠಪ್ಪನ ಜೀಪು ತರಿಸಲು ಹೇಳಿದರು. ಕೂಸನ್ನು ಬಟ್ಟೆಯ ತಕ್ಕಡಿಯಲ್ಲಿ ತೂಗಿದರು. ಒಂದು ಕೆಜಿ ಆರುನೂರು ಗ್ರಾಂ. ಅದರ ಪಾದಕ್ಕೆ ತಮ್ಮ ಹಿಂಗೈ ತಾಗಿಸಿದರು. ಆಮೇಲೆ ಹೊಟ್ಟೆಗೆ. ಪಾದ ತಣ್ಣಗಿತ್ತು. ಹೊಟ್ಟೆಯೂ ತಣ್ಣಗಾಗುತ್ತಿತ್ತು.

ಹುಣಸೂರಿನ ಆಸ್ಪತ್ರೆಗೆ ಇಬ್ಬರನ್ನೂ ಈಗಲೇ ಒಯ್ಯಬೇಕು, ದಾರಿಯುದ್ದಕ್ಕೂ ಕೂಸನ್ನು ಯಾರಾದರೂ ಬರಿ ಎದೆಗೆ ಅವಚಿಕೊಂಡಿರಬೇಕು ಎಂದು ಸಿಸ್ಟರ್ ಹೇಳಿದರು. ಬಟ್ಟೆ ಸುತ್ತಿದರೆ ಸಾಲದು, ಮೈಗೆ ಮೈ ತಾಗಬೇಕು. ತಾಯಿಯ ಮೈಯೇ ತಣ್ಣಗಾಗಿದೆ, ಅವಳಿಂದ ಆಗದು. ತಮ್ಮ ಎರಡು ಕೈಯೂ ತಾಯಿಯ ಮೇಲಿರಬೇಕು. ಸಣ್ಣತಾಯಮ್ಮನವರಿಗೆ ತಿಂಗಳಿಂದ ಕೆಮ್ಮು, ಅವರು ಕೂಸಿನ ಹತ್ತಿರ ಬರಕೂಡದು. ಉಳಿದವನು ಒಬ್ಬನೇ.

ನಿಂಗರಾಜು ಬಾಗಿಲ ಹತ್ತಿರ ನಿಂತಿದ್ದ. ಅವನು ಆಗಲೇ ಮೊರ ತಂದಿದ್ದ. ಅದೇ ಮೊರ. ಹತ್ತಿಯನ್ನೂ ಹಾಸಿದ್ದ.

"ನೀವು ಇವಳನ್ನ ಕರ್ಕೊಂಡೋಗಿ ಸಿಸ್ಟ್ರೆ," ಎಂದ. "ಕೂಸ್ನ ನಾನು ನೋಡ್ಕತೀನಿ. ಬ್ಯಾರನ್ ಈಗ ತೊಂಬತ್ತೆಂಟ್ರಲ್ಲಿ ಐತೆ. ಮನ್ಸನ ಮೈಯೂ ತೊಂಬತ್ತೆಂಟೆಯಾ. ಎಲ್ಡೂ ಒಂದೇ ತಾನೆ."

ಅವನ ಲೆಕ್ಕ ತಪ್ಪಿರಲಿಲ್ಲ. ಸಿಸ್ಟರ್ ಅವನ ಮುಖ ನೋಡಿದರು.

"ಆ ಬ್ಯಾರನ್ ಮಾಡೋ ಕೆಲ್ಸ ಏನು ನಿಂಗರಾಜು?"

"ಸೊಪ್ಪು ಬೇಯ್ಸೋದು."

"ಬೇಯ್ಸೋದು ಅಂದ್ರೆ?"

"ನೀರು ತೆಗೆಯೋದು. ಎಲೆ ಒಳಗಿರೋ ನೀರ್ನೆಲ್ಲ ನಿಧಾನಕ್ಕೆ..."

ಅವನು ಕೈಯಲ್ಲಿದ್ದ ಮೊರವನ್ನು ನೋಡಿದ. ಒಡೆದ ತುಟಿಯೂ ಕುಳಿಬಿದ್ದ ನೆತ್ತಿಯೂ ಅವನಿಗೆ ಮತ್ತೆ ಕಂಡವೇನೋ. ಎರಡು ವರ್ಷ ಹಣೆಬರಹ ಎಂದು ಮುಚ್ಚಿಟ್ಟದ್ದು ಒಂದು ಮಾತಿಗೆ ತೆರೆದುಕೊಂಡಿತು. ಸಿಸ್ಟರ್ ಹೇಳುವುದು ನಿಜವಾದರೆ ಮೊದಲ ಕೂಸನ್ನು ಕೊಂದದ್ದು ತನ್ನ ಕೈಯ ವಿದ್ಯೆ. ಅದು ಸುಳ್ಳಾಗಿರಲಿ ಎಂದು ಅವನು ಬಯಸಿದ. ಅದಕ್ಕಾಗಿಯೇ ಅವನ ಕಾಲು ಮುಂದೆ ಬರಲಿಲ್ಲ.

"ಅಂಗಾರೆ ಅವತ್ತು..." ಎಂದ.

"ಅದು ಆಮೇಲೆ. ಈಗ ಅಂಗಿ ಬಿಚ್ಚಿ," ಎಂದರು ಸಿಸ್ಟರ್.

ಸಣ್ಣತಾಯಮ್ಮ ಅಡ್ಡ ಬಂದರು. ಸೆರಗಿನಿಂದ ಬಾಯಿ ಮುಚ್ಚಿ ಕೆಮ್ಮಿ, ಹನ್ನೊಂದು ದಿನ ಸೂತಕ, ಹೆತ್ತ ಅಪ್ಪನಾದರೂ ಮುಟ್ಟುವ ಪದ್ಧತಿ ಇಲ್ಲ ಎಂದರು. ಗಂಡಸು ಎದೆಗೆ ಕೂಸು ಕಟ್ಟಿಕೊಂಡು ಬೀದಿಯಲ್ಲಿ ಹೋದರೆ ಊರು ಏನನ್ನುತ್ತದೆ ಎಂದರು. ದೇವರ ಮನೆಯ ಕಡೆ ತಿರುಗಿ ತಪ್ಪಾಯಿತು ಎಂದು ಕೈಯನ್ನೂ ಮುಗಿದರು.

ಸಿಸ್ಟರ್ ದನಿ ಏರಿಸಲಿಲ್ಲ. "ಸಣ್ಣತಾಯಮ್ನೋರೆ, ಓದ್ಸಲ ನೀವು ಪದ್ಧತಿ ಬಿಡ್ಲಿಲ್ಲ. ಹನ್ನೊಂದ್ನೆ ದಿನ ತೊಟ್ಲಿಗೆ ಹಾಕಕ್ಕೆ ಕೂಸು ಎಲ್ಲಿತ್ತು?"

ಆಗ ಚಾಪೆಯ ಮೇಲಿನಿಂದ ಪುಟ್ಟಲಕ್ಷ್ಮಿ ಮಾತಾಡಿದಳು. ಕಣ್ಣು ಮುಚ್ಚಿಕೊಂಡೇ, ನೀರು ಕೇಳುವವಳ ಹಾಗೆ.

"ಈ ಸಲ ಯಾರಾರ ಎತ್ಕಳಿ."

ನಿಂಗರಾಜು ಮೊರ ಕೆಳಗಿಟ್ಟ.

ಆದರೆ ಹಾಗೇ ಎತ್ತಿಕೊಳ್ಳಲು ಸಿಸ್ಟರ್ ಬಿಡಲಿಲ್ಲ. ಎಲೆ ಮುರಿಯುವವರ ಮೈಗೆ ಕಪ್ಪು ಜಿಗುಟು ಅಂಟಿರುತ್ತದೆ. ಅದು ಕೂಸಿನ ಮೈಗೆ ವಿಷ. ಅವನು ಬಚ್ಚಲಲ್ಲಿ ಹುಳಿ ಟೊಮೇಟೊ ಹಿಂಡಿ ಎದೆ, ಕುತ್ತಿಗೆ, ಕೈ ಉಜ್ಜಿದ. ಬಿಸಿನೀರು, ಸೋಪು. ಸಿಸ್ಟರ್ ಬಾಗಿಲಿನಿಂದಲೇ ಇನ್ನೊಂದು ಸಲ ಎಂದರು. ಮತ್ತೆ ಉಜ್ಜಿದ. ಮೂರನೆಯ ಸಲ ನೀರು ತಿಳಿಯಾಗಿ ಇಳಿಯಿತು. ಉಗುರು ಕತ್ತರಿಸಿಕೊಂಡ. ಕಿವಿಯ ಸಂದಿಯ ಬೀಡಿಯನ್ನು ತೆಗೆದು ಒಲೆಗೆ ಹಾಕಿದ.

ಆಮೇಲೆ ಸಿಸ್ಟರ್ ಕೂಸಿಗೆ ತಲೆಗೆ ಟೋಪಿ, ಕೆಳಗೊಂದು ಬಟ್ಟೆ ಮಾತ್ರ ಇಟ್ಟು, ಅವನ ಎದೆಯ ನಡುವೆ ನೆಟ್ಟಗೆ ನಿಲ್ಲಿಸಿದ ಹಾಗೆ ಇಟ್ಟರು. ಕಪ್ಪೆಯ ಹಾಗೆ ಕಾಲು ಮಡಿಸಿ, ಮುಖ ಒಂದು ಪಕ್ಕಕ್ಕೆ ತಿರುಗಿಸಿ, ಮೂಗು ಬಾಯಿ ತೆರೆದಿರುವಂತೆ ನೋಡಿಕೊಂಡರು. ಪುಟ್ಟಲಕ್ಷ್ಮಿಯ ಹಳೆಯ ವಾಯಿಲ್ ಸೀರೆಯಿಂದ ಕೂಸನ್ನೂ ಅವನನ್ನೂ ಸೇರಿಸಿ ಸುತ್ತಿದರು. ಮೇಲೆ ಕಂಬಳಿ ಹೊದಿಸಿದರು.

ಮೂವತ್ತು ವರ್ಷದ ಗಂಡಸು ಅಲುಗಾಡದೆ ನಿಂತ. ಅವನ ಕೈ ಎಷ್ಟೋ ಬ್ಯಾರನ್ನಿನ ಬಿಸಿ ಕಂಡಿತ್ತು. ಇಷ್ಟು ತಣ್ಣಗಿನ ಜೀವ ಎದೆಗೆ ತಾಗಿದ್ದು ಇದೇ ಮೊದಲು. ಬಾವಿಯ ಕಲ್ಲನ್ನು ಎದೆಗೆ ಒತ್ತಿಕೊಂಡ ಹಾಗೆ ಇತ್ತು ಎಂದು ಮುಂದೆ ಹೇಳಿದ.

ಜೀಪಿನ ಹತ್ತಿರ ಕಂಠಪ್ಪ ನಿಂತಿದ್ದ. ಕಂಬಳಿಯೊಳಗಿನ ಉಬ್ಬು ನೋಡಿದ. ಅವನ ಬಾಯಿ ಸುಮ್ಮನಿರುವುದಲ್ಲ.

"ಏನ್ಲಾ ನಿಂಗ, ಎಷ್ಟನೇ ತಿಂಗ್ಳು?"

"ಎಂಟು," ಎಂದ ನಿಂಗರಾಜು.

ಕಂಠಪ್ಪ ಜೀಪಿನ ಬಾಗಿಲು ತೆಗೆದು, ಅವನ ಮೊಣಕೈ ಹಿಡಿದು ಹತ್ತಿಸಿದ.

ಹಿಂದಿನ ಸೀಟಿನಲ್ಲಿ ಪುಟ್ಟಲಕ್ಷ್ಮಿಯನ್ನು ಕಾಲು ಎತ್ತರವಾಗಿ ಮಲಗಿಸಿ, ಸಿಸ್ಟರ್ ಪಕ್ಕದಲ್ಲಿ ಮಂಡಿಯೂರಿ ಕೂತರು. ಮಳೆ ಹಿಡಿದಿತ್ತು. ಊರಿನಿಂದ ಎರಡು ಮೈಲಿ ಹೋಗುವಷ್ಟರಲ್ಲಿ ಮೋರಿಯ ಮೇಲೆ ನೀರು ಹರಿಯುತ್ತಿತ್ತು. ಕಂಠಪ್ಪ ಇಳಿದು ಕೋಲಿನಿಂದ ಆಳ ನೋಡಿ ಬಂದು, ಸ್ವಲ್ಪ ಇಳಿಯುವವರೆಗೆ ಕಾಯಬೇಕು ಎಂದ. ಮುಕ್ಕಾಲು ಗಂಟೆ ಅಲ್ಲೇ ನಿಂತರು.

ಆ ಮುಕ್ಕಾಲು ಗಂಟೆಯಲ್ಲಿ ನಿಂಗರಾಜುವಿಗೆ ಕೂಸಿನ ಉಸಿರು ತಿಳಿಯತೊಡಗಿತು. ಮೊದಲು ಗಡಬಡ ಇದ್ದದ್ದು ನಿಧಾನಕ್ಕೆ ಅವನ ಉಸಿರಿನ ಜೊತೆ ಏರಿ ಇಳಿಯುತ್ತಿತ್ತು. ಸಣ್ಣ ಬೆರಳುಗಳು ಅವನ ಎದೆಯ ಕೂದಲು ಹಿಡಿದವು. ಸಿಸ್ಟರ್ ಏನಾದರೂ ಮಾತಾಡುತ್ತಿರಿ, ನಿಮ್ಮ ದನಿ ಅದಕ್ಕೆ ತಿಳಿಯಲಿ ಎಂದರು. ಅವನಿಗೆ ಮಾತು ಹೊಳೆಯಲಿಲ್ಲ. ಶ್ರಾವಣದಲ್ಲಿ ಗುಡಿಯ ಜಗಲಿಯಲ್ಲಿ ಕಾವ್ಯ ಓದಿಸುವಾಗ ಅವನು ಕಂಬಕ್ಕೆ ಒರಗಿ ಕೇಳುತ್ತಿದ್ದವನು. ಪದ ಒಂದೂ ನೆನಪಿರಲಿಲ್ಲ, ರಾಗ ಇತ್ತು. ಅದನ್ನೇ ಮೂಗಿನಲ್ಲಿ ಗುನುಗಿದ.

ಇದ್ದಕ್ಕಿದ್ದ ಹಾಗೆ ಗುನುಗು ನಿಲ್ಲಿಸಿದ.

"ಸಿಸ್ಟ್ರೆ. ಆಡ್ತಾ ಇಲ್ಲ."

ಸಿಸ್ಟರ್ ಪುಟ್ಟಲಕ್ಷ್ಮಿಯ ಹೊಟ್ಟೆಯಿಂದ ಕೈ ತೆಗೆಯುವ ಹಾಗಿರಲಿಲ್ಲ. ಕೂತಲ್ಲಿಂದಲೇ ಹೇಳಿದರು. "ಮೂಗು ಮುಚ್ಚಿದ್ಯಾ ನೋಡಿ. ಬೆನ್ನು ನೀವಿ. ಅಂಗಾಲು ಉಜ್ಜಿ. ಗಾಬ್ರಿ ಬೇಡ, ಉಜ್ಜಿ."

ಮೂಗು ತೆರೆದೇ ಇತ್ತು. ತುಟಿ ಮಾತ್ರ ನೇರಳೆಯಾಗುತ್ತಿತ್ತು. ನಿಂಗರಾಜು ಒಂದು ಬೆರಳಿನಿಂದ ಆ ಕಡ್ಡಿಯಂಥ ಬೆನ್ನನ್ನು ಮೇಲೆ ಕೆಳಗೆ ನೀವಿದ. ಅಂಗಾಲು ಉಜ್ಜಿದ. ಐದು ಎಣಿಸುವಷ್ಟು ಹೊತ್ತು ಏನೂ ಇಲ್ಲ. ಆಮೇಲೆ ಕೂಸು ಒಮ್ಮೆ ಕೊಸರಿ, ಉಸಿರೆಳೆದು, ಬೆಕ್ಕಿನ ಮರಿಯ ದನಿಯಲ್ಲಿ ಅತ್ತಿತು.

"ತಿಂಗ್ಳು ತುಂಬ್ದೆ ಇರೋ ಕೂಸು ಉಸ್ರಾಡೋದನ್ನೇ ಮರೀತದೆ," ಎಂದರು ಸಿಸ್ಟರ್. "ಎದೆ ಮೇಲಿದ್ರೆ ಮರೆಯೋದು ಕಮ್ಮಿ. ಮರೆತ್ರೂ ನಿಮ್ಗೆ ಗೊತ್ತಾಗ್ತದೆ. ನೀವು ನೆನಪು ಮಾಡಿಕೊಟ್ರಿ."

ನಿಂಗರಾಜು ತಲೆ ತಗ್ಗಿಸಿದ. ಮೊರದಲ್ಲಿದ್ದ ಕೂಸೂ ಹೀಗೇ ಮರೆತಿದ್ದಿರಬಹುದು. ಎಷ್ಟು ಸಲ ಮರೆತಿತ್ತೋ. ನೆನಪು ಮಾಡಿಕೊಡಲು ಗೋಡೆಯೊಂದೇ ಇತ್ತು.

ಹುಣಸೂರು ಮುಟ್ಟುವಾಗ ಮೂರು ಗಂಟೆ ಹೊಡೆದಿತ್ತು. ಆಸ್ಪತ್ರೆಯ ಡಾಕ್ಟರಮ್ಮ ಕೂಸಿನ ಪಾದ ಮುಟ್ಟಿದರು. ಬೆಚ್ಚಗಿತ್ತು. ಇದ್ದ ಒಂದೇ ಬಿಸಿಪೆಟ್ಟಿಗೆಯಲ್ಲಿ ಆಗಲೇ ಎರಡು ಮಕ್ಕಳಿದ್ದವು. ಈ ಕೂಸಿಗೆ ಉಸಿರಾಟ ಸರಿಯಿದೆ, ನೀವು ಹೀಗೇ ಇಟ್ಟುಕೊಂಡಿರಿ, ನಾವು ನೋಡುತ್ತಿರುತ್ತೇವೆ ಎಂದರು. ಪುಟ್ಟಲಕ್ಷ್ಮಿಗೆ ರಕ್ತ ಹಾಕಿದರು. ಆಮೇಲೆ ಜ್ವರ ಬಂತು. ನಾಲ್ಕು ದಿನ ಆಕೆಗೆ ಈ ಲೋಕದ ಸರಿಯಾದ ಎಚ್ಚರವಿರಲಿಲ್ಲ.

ಆ ನಾಲ್ಕು ದಿನ ನಿಂಗರಾಜು ವಾರ್ಡಿನ ಗೋಡೆಗೆ ದಿಂಬು ಆನಿಸಿ ಒರಗಿ ಕೂತಿದ್ದ. ಎರಡು ಗಂಟೆಗೊಮ್ಮೆ ನರ್ಸು ತಾಯಿಯ ಹಾಲು ಹಿಂಡಿ ತಂದರೆ, ಮೂತಿಯ ಪುಟ್ಟ ಬಟ್ಟಲಿನಂಥ ಒಳಲೆಯಲ್ಲಿ ತೊಟ್ಟುತೊಟ್ಟಾಗಿ ಕುಡಿಸಲು ಕಲಿತ. ಕಂಠಪ್ಪ ಊಟ ತಂದಾಗ, ಬ್ಯಾರನ್ನಿನ ಸೊಪ್ಪೆಲ್ಲ ಕಪ್ಪಾಯಿತು ಕಣೋ, ನಿನ್ನ ಕೈ ಇಲ್ಲದೆ ಯಾರಿಗೂ ಹದ ಸಿಗಲಿಲ್ಲ ಎಂದ. ನಿಂಗರಾಜು ಒಳಲೆಗೆ ಕೈ ಚಾಚಿದ. ಕೂಸಿಗೆ ಹಾಲು ಕುಡಿಸುವ ಹೊತ್ತಾಗಿತ್ತು.

ಐದನೆಯ ದಿನ ಸಿಸ್ಟರ್ ಮಂಗಳಗೌರಿಯ ಜೊತೆ ಸಣ್ಣತಾಯಮ್ಮ ಬಂದರು. ಸಿಸ್ಟರ್ ಅವರನ್ನು ಮೊದಲು ಕಫ ಪರೀಕ್ಷೆಗೆ ಕಳಿಸಿ, ಆಮೇಲೆ ಬಾಗಿಲಿನ ಹೊರಗೆ ನಿಲ್ಲಿಸಿದರು. ಮುದುಕಿ ಅಲ್ಲಿಂದಲೇ ನೋಡಿದರು. ಮಗ ಬರಿಮೈಯಲ್ಲಿ ಕೂತಿದ್ದ. ಸೀರೆಯ ಸುತ್ತಿನಿಂದ ಸಣ್ಣ ಟೋಪಿ ಇಣುಕುತ್ತಿತ್ತು. ಮುಟ್ಟಿದಲ್ಲೆಲ್ಲ ಕಪ್ಪಾಗುತ್ತದೆ ಎಂದುಕೊಂಡಿದ್ದ ಮೈ ಗುಲಾಬಿಯಾಗಿತ್ತು. ಅವರು ಕೇಳಿದ್ದು ಈ ಕೂಸಿನ ಮಾತಲ್ಲ.

"ಅಂಗಾರೆ ಆ ಮಗೀನ ನಾವೇ ತೆಗುದ್ವಾ, ಸಿಸ್ಟ್ರೆ?"

ನಿಂಗರಾಜುವೂ ತಲೆಯೆತ್ತಿದ. ಐದು ದಿನದಿಂದ ಅವನ ಮನಸ್ಸಿನಲ್ಲಿದ್ದದ್ದು ಅದೇ ಪ್ರಶ್ನೆ.

ಸಿಸ್ಟರ್ ಮಂಗಳಗೌರಿ ಸುಳ್ಳು ಹೇಳಬಹುದಿತ್ತು. ಹೇಳಲಿಲ್ಲ. "ಬದುಕ್ತಿತ್ತೋ ಏನೋ. ಖಂಡಿತ ಅಂತ ನಾನು ಯೋಳಕ್ಕಾಗಲ್ಲ," ಎಂದರು. "ಒಂದು ಮಾತು ಕೇಳಿ. ಅವತ್ತು ನಾನೂ ಇದೇ ಊರ್ಗೆ ಸಿಸ್ಟರ್ ಆಗಿದ್ದೆ. ಮೊರದಲ್ಲಿಟ್ಟವ್ರೆ ಅಂತ ಎರಡ್ನೆ ದಿನ ಯಾರೋ ಯೋಳಿದ್ರು. ಬೆಚ್ಚಗೆ ಮಡಗವ್ರಲ್ಲ, ಒಳ್ಳೇದೇ ಅಂತ ನಾನು ಬರ್ಲಿಲ್ಲ. ನನ್ಗೆ ಇದನ್ನ ಕಲಿಸಿದ್ದು ಓದ್ವರ್ಷದ ತರಬೇತೀಲಿ. ಆ ಕ್ಲಾಸಲ್ಲಿ ಕೂತು ನಾನು ನಿಮ್ಮ ಕೂಸ್ನೇ ನೆನೀತಿದ್ದೆ."

ಸಣ್ಣತಾಯಮ್ಮ ಬಾಗಿಲ ಚೌಕಟ್ಟು ಹಿಡಿದು ಕೂತರು. ಸಿಸ್ಟರ್ ಪಕ್ಕದಲ್ಲಿ ಕೂತು ಅವರ ಕೈಯನ್ನು ತಮ್ಮ ಎರಡೂ ಕೈಯಲ್ಲಿ ಹಿಡಿದುಕೊಂಡರು. ಸಮಾಧಾನದ ಮಾತು ಹೇಳಲಿಲ್ಲ. ಕೈಯನ್ನೂ ಬಿಡಲಿಲ್ಲ.

ಆ ಸಂಜೆ ಪುಟ್ಟಲಕ್ಷ್ಮಿಯ ಜ್ವರ ಇಳಿಯಿತು. ಕೂಸನ್ನು ಮೊದಲ ಸಲ ಆಕೆಯ ಎದೆಗೆ ಕಟ್ಟಿದರು. ಆಕೆ ಕೈ ಎತ್ತಲು ಹೆದರಿದಳು. ಹಿಂದೊಮ್ಮೆ ಮಗನನ್ನು ಮುಟ್ಟಿದಾಗ ತಣ್ಣಗಿದ್ದದ್ದು ಆ ಕೈಗೆ ನೆನಪಿತ್ತು. ನರ್ಸು ಆಕೆಯ ಅಂಗೈಯನ್ನು ಎತ್ತಿ ಕೂಸಿನ ಬೆನ್ನ ಮೇಲಿಟ್ಟರು. ಎರಡು ವರ್ಷ ಅಳದೆ ಇಟ್ಟುಕೊಂಡಿದ್ದದ್ದೆಲ್ಲ ಆಗ ಹೊರಗೆ ಬಂತು. ಎದೆ ಅಷ್ಟು ಅಲುಗಾಡಿದರೂ ಕೂಸು ಎಚ್ಚರಗೊಳ್ಳಲಿಲ್ಲ.

ಇಪ್ಪತ್ತಾರು ದಿನ ಅವರು ಆಸ್ಪತ್ರೆಯಲ್ಲಿದ್ದರು. ಹಗಲಿರುಳು ತಾಯಿಯ ಎದೆ, ತಾಯಿಗೆ ದಣಿವಾದಾಗ ತಂದೆಯ ಎದೆ. ತೂಕ ಮೊದಲ ವಾರ ಇಳಿಯಿತು. ಎರಡನೆಯ ವಾರ ನಿಂತಿತು. ಆಮೇಲೆ ಏರಿತು. ಹೊರಡುವ ಹಿಂದಿನ ದಿನ ಎರಡು ಕೆಜಿಗೆ ಐವತ್ತು ಗ್ರಾಂ ಹೆಚ್ಚಿತ್ತು. ಅಂದು ಮಧ್ಯಾಹ್ನ ನಿಂಗರಾಜು ತಟ್ಟೆ ತೊಳೆದು ತಂದು ನೆಲದ ಮೇಲೆ ಇಡುವುದರಲ್ಲಿದ್ದ. ಪುಟ್ಟಲಕ್ಷ್ಮಿ ಕೈ ಚಾಚಿದಳು. ತಟ್ಟೆಗೆ ಎಂದು ಅವನು ತಿಳಿದ. ಆಕೆ ತಟ್ಟೆಯನ್ನು ಪಕ್ಕಕ್ಕೆ ಸರಿಸಿ, ಅವನ ಮಣಿಕಟ್ಟು ಹಿಡಿದು, ಅವನ ಅಂಗೈಯನ್ನು ಎಳೆದು ಕೂಸಿನ ಬೆನ್ನ ಮೇಲಿಟ್ಟಳು. ತನ್ನ ಕೈಯನ್ನು ಅದರ ಮೇಲಿಟ್ಟಳು.

"ಎಷ್ಟೈತೆ ನೋಡಿ," ಎಂದಳು.

ಅವನು ಕಣ್ಣು ಮುಚ್ಚಿದ. ಯಾವ ಗೋಡೆಯಾದರೂ ಸರಿ, ಮುಟ್ಟಿದ ಕೂಡಲೇ ಲೆಕ್ಕ ಹೇಳುತ್ತಿದ್ದವನು ಅಂದು ಏನೂ ಹೇಳಲಿಲ್ಲ. ಕೈಯನ್ನು ಅಲ್ಲೇ ಇಟ್ಟುಕೊಂಡ.

ಇದನ್ನು ಬರೆಯುವ ಹೊತ್ತಿಗೆ ಆ ಕೂಸು ಅಂಗನವಾಡಿಗೆ ಹೋಗುತ್ತಿದೆ. ಸಣ್ಣತಾಯಮ್ಮನ ಕಫದಲ್ಲಿ ಕ್ಷಯ ಕಂಡಿತು. ಅವರು ಆರು ತಿಂಗಳು ಮಾತ್ರೆ ನುಂಗಿ ವಾಸಿಯಾದರು. ಕೆಮ್ಮು ನಿಂತು, ಡಾಕ್ಟರು ಸರಿ ಎಂದ ಮೇಲೆಯೇ ಮೊಮ್ಮಗಳನ್ನು ಎತ್ತಿಕೊಂಡರು. ಈಗ ಊರಲ್ಲಿ ಎಲ್ಲಿ ಹೆರಿಗೆಯಾದರೂ ಅವರೇ ಮೊದಲು ಹೋಗಿ, ಮೊರ ಹುಡುಕುವವರ ಕೈಯಿಂದ ಮೊರ ಕಿತ್ತುಕೊಳ್ಳುತ್ತಾರೆ. ಏನಜ್ಜಿ ನಿಮ್ಮ ಕಾಲದ ಪದ್ಧತಿಯನ್ನು ನೀವೇ ಮುರಿಯುತ್ತೀರಲ್ಲ ಎಂದು ಯಾರಾದರೂ ಕೆಣಕಿದರೆ, ನಮ್ಮ ಕಾಲದ ಪದ್ಧತಿ ಹೊಂಗೆ ಮರದ ಕೆಳಗೆ ಮಲಗೈತೆ, ಹೋಗಿ ನೋಡಿಕೊಂಡು ಬಾ ಅನ್ನುತ್ತಾರೆ. ಅಲ್ಲಿ ಗುಂಡುಕಲ್ಲು ಇನ್ನೂ ಇದೆ. ಪ್ರತಿ ವರ್ಷ ಬ್ಯಾರನ್ನಿಗೆ ಮೊದಲ ಬೆಂಕಿ ಹಾಕುವ ಮುನ್ನ ಗಂಡ ಹೆಂಡತಿ ಇಬ್ಬರೂ ಆ ಕಲ್ಲಿನ ಮೇಲೆ ಒಂದು ಹೊತ್ತು ಕೈಯಿಟ್ಟು ಬರುತ್ತಾರೆ. ಕಲ್ಲು ಬಿಸಿಯಾಗುವುದಿಲ್ಲ.

ಅಕ್ಕಂದಿರೇ, ಅಣ್ಣಂದಿರೇ, ಇದನ್ನು ಸಂಘದಲ್ಲಿ ಕೂತು ಓದುತ್ತಿರುವ ತಾಯಂದಿರೇ. ನಿಮ್ಮ ಮನೆಯಲ್ಲಿ ತಿಂಗಳು ತುಂಬದೆ ಕೂಸು ಹುಟ್ಟಿದರೆ, ಹುಟ್ಟಿದ್ದು ತೀರಾ ಸಣ್ಣದಿದ್ದರೆ, ಒಲೆಯ ಪಕ್ಕ, ಬ್ಯಾರನ್ನಿನ ಪಕ್ಕ, ಬಲ್ಬಿನ ಕೆಳಗೆ ಇಡಬೇಡಿ. ಸ್ನಾನ ಮಾಡಿಸಬೇಡಿ. ಸಕ್ಕರೆ ನೀರು, ಜೇನುತುಪ್ಪ, ಹರಳೆಣ್ಣೆ ನೆಕ್ಕಿಸಬೇಡಿ, ತಾಯಿಯ ಹಾಲೇ ಕೊಡಿ. ಕುಡಿಯಲು ಶಕ್ತಿ ಇಲ್ಲದಿದ್ದರೆ ಹಿಂಡಿ ಒಳಲೆಯಲ್ಲಿ ಕೊಡಿ. ಸಿಸ್ಟರಿಗೆ ಹೇಳಿಕಳಿಸಿ, ತಡಮಾಡದೆ ಆಸ್ಪತ್ರೆಗೆ ಹೊರಡಿ. ಹೊರಡುವ ಮೊದಲು ಕೂಸಿನ ಪಾದ ಮುಟ್ಟಿ ನೋಡಿ. ತಣ್ಣಗಿದ್ದರೆ ಅದು ನಿಮ್ಮನ್ನು ಕರೆಯುತ್ತಿದೆ ಎಂದು ತಿಳಿಯಿರಿ. ಕೈ, ಎದೆ ತೊಳೆದುಕೊಳ್ಳಿ, ಬೀಡಿ ಬಿಸಾಡಿ, ಅಂಗಿ ಬಿಚ್ಚಿ, ಮೈಗೆ ಮೈ ತಾಗುವಂತೆ ಅವಚಿಕೊಳ್ಳಿ. ತಾಯಿ, ತಂದೆ, ಅಜ್ಜಿ, ಯಾರಾದರೂ ಸರಿ, ಕೆಮ್ಮು ಜ್ವರ ಇರಬಾರದು ಅಷ್ಟೆ. ಊರು ನಗುತ್ತದೆ ಎಂಬ ಚಿಂತೆ ಬೇಡ. ನಗುವವರು ನಾಳೆ ಹೇಗೆ ಮಾಡಿದಿರಿ ಎಂದು ನಿಮ್ಮ ಮನೆಗೆ ಕೇಳಿಕೊಂಡು ಬರುತ್ತಾರೆ.

ದೊಡ್ಡವರನ್ನೂ ಮರೆಯಬೇಡಿ. ಕೂಸು ಕಳೆದುಕೊಂಡವಳನ್ನು ಮೂಲೆಗೆ ಹಾಕಿ, ಮೈಲಿಗೆ ಎಂದು, ಅಪಶಕುನ ಎಂದು ದೂರ ಸರಿಯಬೇಡಿ. ಹೋಗಿ ಪಕ್ಕದಲ್ಲಿ ಕೂತು ಕೈ ಹಿಡಿದುಕೊಳ್ಳಿ. ಹೇಳಲು ಮಾತಿಲ್ಲದಿದ್ದರೂ ಸರಿ.

ಮಣ್ಣಿಗೆ ಹಾಕುವ ಮೊದಲು ತಾಯಿಯ ಕೈಗೆ ಕೊಡುತ್ತೀರಲ್ಲ, ಆ ಕೂಸನ್ನು ಉಸಿರಿರುವಾಗಲೇ ಕೊಡಿ.